ಹಂದಿ ಕಾಯ್ದ ಊರು

ಮೊನ್ನೆ ಬೆಳಗ್ಗೆ ನಮ್ಮ ಬಡಾವಣೆಗೆ ಹಂದಿ ಹಿಡಿಯುವವರು ಬಂದಿದ್ದರು. ಬಲೆ, ಹಗ್ಗ, ಹಿಂಬದಿಗೆ ಜಾಲರಿ ಬಿಗಿದ ಒಂದು ಟೆಂಪೊ. ಮೋರಿ ಪಕ್ಕದ ಖಾಲಿ ಸೈಟಿನಲ್ಲಿ ಸಂಸಾರ ಹೂಡಿದ್ದ ಹಂದಿಗಳು ಬೀದಿ ಕಿತ್ತುಹೋಗುವಂತೆ ಅರಚುತ್ತ ಒಂದೊಂದಾಗಿ ಟೆಂಪೊ ಏರಿದವು. ಅಕ್ಕಪಕ್ಕದವರೆಲ್ಲ ಕಾಂಪೌಂಡಿನ ಒಳಗೇ ನಿಂತು, ಪೀಡೆ ತೊಲಗಿತು ಎಂದರು. ಎದುರು ಮನೆಯ ಮೇಷ್ಟ್ರಂತೂ, "ಅಲ್ಲ ಸಾರ್, ಹಂದಿಯಿಂದ ಯಾವ ಊರಿಗಾದರೂ ಏನಾದರೂ ಉಪಕಾರ ಆಗಿದ್ದು ಇದೆಯಾ?" ಎಂದು ನನ್ನನ್ನೇ ಕೇಳಿದರು. ಆಗಿದೆ. ಒಂದು ಊರಿಗೆ ಊರನ್ನೇ ಉಳಿಸಿದ ಹಂದಿಯ ಕಥೆ ನನಗೆ ಗೊತ್ತಿತ್ತು. ಆದರೆ ಅದನ್ನು ಹೇಳಬೇಕಾದರೆ 1440ನೇ ಇಸವಿಗೆ ಹೋಗಬೇಕು, ಜರ್ಮನಿಯ ಬವೇರಿಯಾದ ಒಂದು ಮೂಲೆಗೆ ಹೋಗಬೇಕು. ಮೇಷ್ಟ್ರಿಗೆ ಅಷ್ಟರಲ್ಲಿ ಹಾಲಿನವನು ಸಿಕ್ಕಿದ, ಹಿಂದಿನ ದಿನದ ನೀರು ಹಾಲಿನ ಲೆಕ್ಕ ಬಾಕಿಯಿತ್ತು. ಅವರು ಆ ಕಡೆ ನಡೆದರು, ಕಥೆ ನನ್ನಲ್ಲೇ ಉಳಿಯಿತು.

ಊರಿನ ಹೆಸರು ನೋರ್ಡ್‌ಲಿಂಗನ್. ಮಗ ಔಗ್ಸ್‌ಬರ್ಗ್‌ನಲ್ಲಿದ್ದಾಗ ನಮ್ಮಿಬ್ಬರನ್ನೂ ಅಲ್ಲಿಗೆ ಕರೆದುಕೊಂಡು ಹೋಗಿದ್ದ. ಹಂದಿಗಾಗಿ ಅಲ್ಲ, ಗುಂಡಿಗಾಗಿ. ಅವನು ಎಂಜಿನಿಯರ್, ಅವನ ಪ್ರಕಾರ ಆ ಊರಿನಲ್ಲಿ ನೋಡತಕ್ಕದ್ದು ಗುಂಡಿಯೊಂದೇ.

ಗುಂಡಿ ಸಣ್ಣದಲ್ಲ. ಸುಮಾರು ಒಂದೂವರೆ ಕೋಟಿ ವರ್ಷಗಳ ಹಿಂದೆ, ಕಿಲೋಮೀಟರ್ ಅಗಲದ ಬಂಡೆಯೊಂದು ಆಕಾಶದಿಂದ ಬಂದು ಅಪ್ಪಳಿಸಿ 24 ಕಿಲೋಮೀಟರ್ ಅಗಲದ ಕುಳಿ ತೋಡಿತು. ರೀಸ್ ಎಂದು ಅದನ್ನು ಕರೆಯುತ್ತಾರೆ. ನೋರ್ಡ್‌ಲಿಂಗನ್ ಕೂತಿರುವುದು ಅದರೊಳಗೆ. ಬಹಳ ಕಾಲ ಅದನ್ನು ಜ್ವಾಲಾಮುಖಿಯ ಬಾಯಿ ಎಂದೇ ಪಂಡಿತರು ನಂಬಿದ್ದರು. 1960ರಲ್ಲಿ ಅಮೆರಿಕದಿಂದ ಯೂಜೀನ್ ಶೂಮೇಕರ್ ಎಂಬ ಭೂವಿಜ್ಞಾನಿ ಬಂದ. ಇಲ್ಲಿನ ಕಲ್ಲಿನ ಚೂರುಗಳನ್ನು ಆತ ಕಳಿಸಿಕೊಟ್ಟದ್ದನ್ನು ಸಹೋದ್ಯೋಗಿ ಎಡ್ವರ್ಡ್ ಚಾವೊ ಪರೀಕ್ಷಿಸಿದಾಗ ಅದರಲ್ಲಿ ಕೋಸೈಟ್ ಎಂಬ ಖನಿಜ ಸಿಕ್ಕಿತು. ನೆಲದ ಮೇಲ್ಪದರದಲ್ಲಿ ಕೋಸೈಟ್ ಹುಟ್ಟಬೇಕಾದರೆ ಜ್ವಾಲಾಮುಖಿಯ ಬಿಸಿ ಸಾಲದು, ಆಕಾಶದ ಏಟೇ ಬೀಳಬೇಕು. ವಾದ ಮುಗಿಯಿತು. ತಮಾಷೆಯೆಂದರೆ ಸಾಕ್ಷಿ ಐನೂರು ವರ್ಷಗಳಿಂದ ಊರ ನಡುವೆಯೇ ನಿಂತಿತ್ತು. ಆ ಏಟಿನಲ್ಲಿ ಹುಟ್ಟಿದ ಸೂಎವೈಟ್ ಎಂಬ ಕಲ್ಲಿನಿಂದಲೇ ಊರವರು ತಮ್ಮ ಸೇಂಟ್ ಜಾರ್ಜ್ ಚರ್ಚನ್ನು ಕಟ್ಟಿಕೊಂಡಿದ್ದರು.

"ಈ ಕಲ್ಲಿನೊಳಗೆ ವಜ್ರ ಇದೆ ಅಮ್ಮ" ಎಂದ ಮಗ, ಚರ್ಚಿನ ಗೋಡೆ ತೋರಿಸಿ. ಇದು ನಿಜ. ಬಂಡೆ ಬಿದ್ದ ಒತ್ತಡಕ್ಕೆ ನೆಲದೊಳಗಿನ ಗ್ರಾಫೈಟ್ ವಜ್ರವಾಗಿ ಹೋಗಿದೆ. ನಮ್ಮಾಕೆ ಕನ್ನಡಕ ಸರಿಮಾಡಿಕೊಂಡು ಗೋಡೆಗೆ ಮೂಗು ತಾಗುವಷ್ಟು ಹತ್ತಿರ ಹೋದಳು. ಬೂದು ಬಣ್ಣ, ನಡುನಡುವೆ ಕಪ್ಪು ಗಾಜಿನಂಥ ಚೂರು, ಅಲ್ಲಲ್ಲಿ ಮಳೆಗೆ ಸವೆದ ತೂತು. ವಜ್ರ ಕಾಣಲಿಲ್ಲ. ಸೂಕ್ಷ್ಮದರ್ಶಕ ಇಟ್ಟರೆ ಮಾತ್ರ ಕಾಣುತ್ತದೆ, ಮಾರಿದರೆ ಮೂರು ಕಾಸು ಬರುವುದಿಲ್ಲ ಎಂದ ಮಗ. "ಹಾಗಾದರೆ ಇದ್ದೇನು, ಬಿಟ್ಟೇನು" ಎಂದು ಆಕೆ ಚರ್ಚಿನ ಎದುರಿನ ಬೆಂಚಿನಲ್ಲಿ ಕೂತುಬಿಟ್ಟಳು. ಭೂವಿಜ್ಞಾನ ಅವಳ ಮಟ್ಟಿಗೆ ಅಲ್ಲಿಗೆ ಮುಗಿಯಿತು.

ಗುಂಡಿಯೊಳಗೆ ನಿಂತವನಿಗೆ ಗುಂಡಿ ಕಾಣುವುದಿಲ್ಲ. ಅದನ್ನು ನೋಡಬೇಕಾದರೆ ಚರ್ಚಿನ ಗೋಪುರ ಹತ್ತಬೇಕು. ಗೋಪುರಕ್ಕೆ ಡೇನಿಯಲ್ ಎಂದು ಮನುಷ್ಯರ ಹೆಸರು; ಎತ್ತರ 90 ಮೀಟರ್, ಮೆಟ್ಟಿಲು 350. ನಾನು ಹತ್ತಿದೆ. ನಡುನಡುವೆ ನಿಂತು, ಹಳೆಯ ತೊಲೆಗಳನ್ನು ನೋಡುವ ನೆಪದಲ್ಲಿ ಉಸಿರು ಎಳೆದುಕೊಂಡೆ. ಮೇಲೆ ಹೋದರೆ ಊರು ಅಂಗೈಯಲ್ಲಿ ಹಿಡಿಯಬಹುದಾದಷ್ಟು ದುಂಡಗೆ: ಕೆಂಪು ಹೆಂಚಿನ ಮಾಡುಗಳು ಒತ್ತೊತ್ತಾಗಿ, ಅವನ್ನು ಸುತ್ತಿ ಕೋಟೆಗೋಡೆ, ಆಚೆ ಹೊಲ, ಹೊಲದ ಆಚೆ ದೂರದಲ್ಲಿ ಸುತ್ತಲೂ ಕಾಡು ಕವಿದ ದಿಣ್ಣೆ. ಆ ದಿಣ್ಣೆಯೇ ಗುಂಡಿಯ ಅಂಚು. 1970ರಲ್ಲಿ ಅಪೋಲೊ 14ರ ಗಗನಯಾತ್ರಿಗಳು ಚಂದ್ರನ ಕಲ್ಲು ಹೇಗಿರುತ್ತದೆಂದು ಕಲಿಯಲು ಈ ಸೀಮೆಗೆ ಬಂದಿದ್ದರು. ವಿಲ್ಲಿ ವೊಂಕಾನ ಚಾಕೊಲೇಟ್ ಕಾರ್ಖಾನೆಯ 1971ರ ಸಿನಿಮಾ ನೋಡಿದವರಿಗೆ, ಕೊನೆಯಲ್ಲಿ ಗಾಜಿನ ಲಿಫ್ಟು ಹಾರುವಾಗ ಕೆಳಗೆ ಕಾಣುವ ಊರು ನೆನಪಿರಬಹುದು. ಅದೂ ಇದೇ. ಮಗನಿಗೆ ಇದೆಲ್ಲ ಬಾಯಿಪಾಠ.

ಕೆಳಗಿಳಿದು ಬಂದಾಗ ನಮ್ಮಾಕೆ ಬೆಂಚಿನಲ್ಲಿರಲಿಲ್ಲ. ಒಂದು ಅಂಗಡಿಯ ಮುಂದೆ, ಬಣ್ಣ ಬಳಿದ ಹಂದಿಯ ಬೊಂಬೆಯೊಂದರ ಎದುರು ನಿಂತಿದ್ದಳು. "ರೀ, ಇವರು ಅಂಗಡಿ ಬಾಗಿಲಲ್ಲಿ ಯಾಕ್ರೀ ಹಂದಿ ಇಟ್ಟಿದ್ದಾರೆ?" ಮಗನನ್ನು ಕೇಳಿದರೆ, "ಅದೇನೋ ಅಡಗೂಲಜ್ಜಿ ಕಥೆ, ಬಿಡಿ ಅಪ್ಪ" ಎಂದ. ಅಡಗೂಲಜ್ಜಿ ಕಥೆಯನ್ನು ಬಿಡುವ ಜಾಯಮಾನ ನಮ್ಮಿಬ್ಬರದೂ ಅಲ್ಲ. ಅಂಗಡಿಯಾಕೆಯನ್ನು ಕೇಳಿಸಿ, ಮಗನ ಬಾಯಿಂದಲೇ ಹೇಳಿಸಿಕೊಂಡೆವು.

ನೋರ್ಡ್‌ಲಿಂಗನ್ ಆಗ ಸ್ವತಂತ್ರ ನಗರ. ಚಕ್ರವರ್ತಿಗೆ ಬಿಟ್ಟರೆ ಇನ್ನಾರಿಗೂ ತಲೆಬಾಗಬೇಕಿರಲಿಲ್ಲ. ವರ್ಷಕ್ಕೊಮ್ಮೆ ದೊಡ್ಡ ಜಾತ್ರೆ, ದೂರದೂರದ ವ್ಯಾಪಾರಿಗಳು, ಕೈತುಂಬ ಸುಂಕ. ಸುತ್ತಮುತ್ತಲಿನ ಸೀಮೆಯ ದೊರೆಗಳು ಓಟಿಂಗನ್ ಮನೆತನದವರು. ನಡುವಿನ ಈ ಊರು ಮಾತ್ರ ಅವರ ಕೈಗೆ ದಕ್ಕದೆ ಉಳಿದಿತ್ತು. 1440ರ ಚಳಿಗಾಲದಲ್ಲಿ ಆ ಮನೆತನದ ಹಾನ್ಸ್ ಎಂಬ ದೊರೆ, ಯುದ್ಧಕ್ಕಿಂತ ಲಂಚ ಅಗ್ಗ ಎಂದು ಲೆಕ್ಕ ಹಾಕಿದ. ಲೋಪ್ಸಿಂಗರ್ ಹೆಬ್ಬಾಗಿಲಿನ ಕಾವಲುಗಾರರ ಕೈ ಬೆಚ್ಚಗೆ ಮಾಡಿದ. ಒಪ್ಪಂದ ಇಷ್ಟೇ: ಗೊತ್ತಾದ ರಾತ್ರಿ ಬಾಗಿಲು ಮುಚ್ಚಿದಂತೆ ಕಾಣಬೇಕು, ಅಗಳಿ ಹಾಕಿರಬಾರದು. ನಡುರಾತ್ರಿ ದೊರೆಯ ಪಡೆ ಬಂದು ತಳ್ಳಿದರೆ ತೆರೆದುಕೊಳ್ಳಬೇಕು.

ಆ ಸಂಜೆ ನೇಕಾರನೊಬ್ಬನ ಹೆಂಡತಿ, ಗಂಡನಿಗೆ ಬಿಯರ್ ತರಲೆಂದು ಹೂಜಿ ಹಿಡಿದು ಹೊರಟಳು. ಹೆಬ್ಬಾಗಿಲ ಬಳಿ ಯಾರದೋ ಹಟ್ಟಿಯಿಂದ ತಪ್ಪಿಸಿಕೊಂಡ ಹಂದಿಯೊಂದು ಬಾಗಿಲಿಗೆ ಮೈ ಉಜ್ಜುತ್ತಿತ್ತು. ಉಜ್ಜಿದ ಹಾಗೆಲ್ಲ ಬಾಗಿಲು ಅಲ್ಲಾಡುತ್ತಿತ್ತು.

ಇಲ್ಲಿ ಹಂದಿಯ ಪರವಾಗಿ ಎರಡು ಮಾತು ಹೇಳಬೇಕು. ಈ ಕಥೆಯನ್ನು ನಂಬದವರು ಹಂದಿಯನ್ನು ಸರಿಯಾಗಿ ನೋಡಿದವರಲ್ಲ. ಹಂದಿಗೆ ತುರಿಕೆ ದೊಡ್ಡದು, ಕುತ್ತಿಗೆ ಗಿಡ್ಡ, ತಿರುಗಿ ಕೆರೆದುಕೊಳ್ಳುವ ಅನುಕೂಲವನ್ನು ದೇವರು ಅದಕ್ಕೆ ಕೊಟ್ಟಿಲ್ಲ. ಗೋಡೆ ಬೇಕು, ಕಂಬ ಬೇಕು. ಗೇಟು ಸಿಕ್ಕರಂತೂ ಹಬ್ಬ. ಮೊದಲು ಭುಜ ಆನಿಸುತ್ತದೆ, ಆಮೇಲೆ ಪಕ್ಕೆ, ಕೊನೆಗೆ ಕಣ್ಣು ಅರ್ಧ ಮುಚ್ಚಿ ಇಡೀ ಭಾರ ಬಿಟ್ಟು ಹಿಂದೆ ಮುಂದೆ ತೂಗುತ್ತದೆ. ನಮ್ಮ ಮನೆ ಗೇಟಿನ ಕೆಳಪಟ್ಟಿಯಲ್ಲಿ ಬಣ್ಣ ಹೋಗಿ ಕಬ್ಬಿಣ ಮಿರುಗುವುದು ಈ ಸೇವೆಯಿಂದಲೇ. ಚಿಲಕ ಹಾಕಿದ್ದರೆ ಗೇಟು ಗಟ್ಟಿ ನಿಲ್ಲುತ್ತದೆ. ಹಾಕಿಲ್ಲವಾದರೆ ಅದು ಕೊಡುವ ಕಟಕಟ ಸದ್ದಿಗೆ ಒಳಗೆ ಮಲಗಿದ್ದ ನಾನೇ ಎದ್ದು ಬಂದದ್ದುಂಟು. ಆದ್ದರಿಂದ ಕಥೆಯಲ್ಲಿ ಬೇರೆ ಏನು ಸುಳ್ಳಾದರೂ ಹಂದಿಯ ಪಾಲಿನದು ನಿಜವೆಂದು ನಾನು ಯಾವ ಕೋರ್ಟಿನಲ್ಲಿ ಬೇಕಾದರೂ ಹೇಳುತ್ತೇನೆ.

ಹೆಂಗಸು ನೋಡಿದಳು. ಬಾಗಿಲು ಅಲ್ಲಾಡುತ್ತಿದೆ ಎಂದರೆ ಅಗಳಿ ಇಲ್ಲ. ಅಗಳಿ ಇಲ್ಲ ಎಂದರೆ ಯಾರೋ ಬೇಕೆಂದೇ ಹಾಕಿಲ್ಲ. ಅವಳು ಕಾವಲುಗಾರನಿಗೆ ಕೇಳುವ ಹಾಗೆ, "ಸೋ, ಗ್‌ಸೆಲ್, ಸೋ!" ಎಂದು ಕೂಗಿದಳು. ಓಹೋ, ಹೀಗೋ ಮಾರಾಯ ಸಮಾಚಾರ, ಎಂದಂತೆ. ಜನ ಸೇರಿದರು, ಬಾಗಿಲು ಭದ್ರವಾಯಿತು, ದೊರೆಯ ಸಂಚು ಮಣ್ಣುಪಾಲಾಯಿತು. ಕಾವಲುಗಾರರು ಜೀವ ತೆತ್ತರು. ಹಂದಿಗೆ ಏನಾಯಿತೆಂದು ಕಥೆ ಹೇಳುವುದಿಲ್ಲ. ಬವೇರಿಯಾದವರ ಊಟದ ಅಭಿರುಚಿ ಬಲ್ಲ ನಾನು ಆ ಪ್ರಶ್ನೆಯನ್ನು ಅಂಗಡಿಯಾಕೆಗೆ ಕೇಳಲಿಲ್ಲ.

ಇತಿಹಾಸಕಾರರ ವರಸೆ ಬೇರೆ. ಕೋಟೆಯ ಕಾವಲುಗಾರರು ನಿದ್ದೆ ಹೋಗಿಲ್ಲವೆಂದು ಒಬ್ಬರಿಗೊಬ್ಬರು ಕೂಗಿ ತಿಳಿಸುವ ಪದ್ಧತಿ ಇತ್ತು, ಆ ಕೂಗಿಗೆ ಜನ ಆಮೇಲೆ ಹಂದಿಯನ್ನು ಗಂಟುಹಾಕಿದರು ಎಂದು ಅವರು ಹೇಳುತ್ತಾರೆ. ಇರಬಹುದು. ಆದರೆ ಆರು ಶತಮಾನದ ಊರಿಗೆ ಊರೇ ಹಂದಿಯ ಕಡೆಗಿರುವಾಗ ನಾಲ್ಕು ಜನ ಇತಿಹಾಸಕಾರರ ಮಾತಿಗೆ ನಾನು ಯಾಕೆ ಕಿವಿಗೊಡಲಿ?

ಆ ಊರಿನ ನಿಜವಾದ ಇತಿಹಾಸದಲ್ಲಿ ಹಂದಿಯಷ್ಟು ಹಿತವಾದ ಸಂಗತಿ ಕಡಿಮೆ ಎಂಬುದೂ ಒಂದು ಕಾರಣ. 1634ರಲ್ಲಿ, ಮೂವತ್ತು ವರ್ಷಗಳ ಯುದ್ಧದ ಘೋರ ಕದನವೊಂದು ಊರಿನ ಪಕ್ಕದ ದಿಣ್ಣೆಯ ಮೇಲೆ ನಡೆದು ಸ್ವೀಡನ್ನಿನ ಸೈನ್ಯ ನುಚ್ಚುನೂರಾಯಿತು. ಯುದ್ಧ, ಹಸಿವು, ಪ್ಲೇಗು ಸೇರಿ ಊರನ್ನು ಹಿಂಡಿಹಾಕಿದವು. ವ್ಯಾಪಾರ ಹಿಂದಿನ ಮಟ್ಟಕ್ಕೆ ಮತ್ತೆ ಏರಲೇ ಇಲ್ಲ. ಹಣವಿದ್ದ ಊರುಗಳು ಕೋಟೆ ಕೆಡವಿ ಅಗಲ ರಸ್ತೆ ಮಾಡಿಕೊಂಡವು, ನೋರ್ಡ್‌ಲಿಂಗನ್ ಹಳೆಯದನ್ನೇ ತೇಪೆ ಹಾಕಿಕೊಂಡು ಕೂತಿತು. ಹಾಗಾಗಿ ಇವತ್ತು ಐದು ಹೆಬ್ಬಾಗಿಲ ಆ ಗೋಡೆಯ ಮೇಲೆ, ಮಾಡಿನ ನೆರಳಲ್ಲೇ, ಸುಮಾರು 2.7 ಕಿಲೋಮೀಟರ್ ನಡೆದು ಇಡೀ ಊರಿಗೆ ಪ್ರದಕ್ಷಿಣೆ ಹಾಕಬಹುದು. ಬಡತನ ಇಷ್ಟು ಚೆನ್ನಾಗಿ ಕಾಪಾಡಿದ ಊರು ನಾನು ಇನ್ನೊಂದು ನೋಡಿಲ್ಲ.

ಆ ಯುದ್ಧಕ್ಕೂ ಮುಂಚೆ ಇನ್ನೊಂದು ಕೆಟ್ಟ ಕಾಲ ಬಂದಿತ್ತು. 1589ರಿಂದ ಸುಮಾರು ಹತ್ತು ವರ್ಷ ಮಾಟಗಾತಿಯರೆಂದು ಹೆಂಗಸರನ್ನು ಹಿಡಿದು ಸುಟ್ಟರು. ಚಿನ್ನದ ಕಿರೀಟ ಎಂಬ ಹೆಸರಿನ ಖಾನಾವಳಿ ನಡೆಸುತ್ತಿದ್ದ ಮರಿಯಾ ಹೋಲ್ ಎಂಬಾಕೆಯನ್ನೂ 1593ರಲ್ಲಿ ಹಿಡಿದರು. 62 ಸಲ ಚಿತ್ರಹಿಂಸೆ ಕೊಟ್ಟರು. ತಾನು ಮಾಟಗಾತಿ ಎಂದು ಅವಳು ಒಪ್ಪಲಿಲ್ಲ, ಇನ್ನೊಬ್ಬರ ಹೆಸರನ್ನೂ ಹೇಳಲಿಲ್ಲ. 1594ರಲ್ಲಿ ಬಿಡಬೇಕಾಯಿತು. ಅವಳು ಗಟ್ಟಿಯಾಗಿ ನಿಂತದ್ದರಿಂದ ಜನರಿಗೆ ಈ ಬೇಟೆಯ ಮೇಲೆಯೇ ಸಂಶಯ ಬಂತು, ಕೆಲವೇ ವರ್ಷಗಳಲ್ಲಿ ಅದು ನಿಂತುಹೋಯಿತು. ಅವಳ ಹೆಸರಿನಲ್ಲಿ ಈಗ ಊರಲ್ಲಿ ಒಂದು ಕಾರಂಜಿ ಇದೆ.

ಪುರಭವನದ ಹೊರಮೆಟ್ಟಿಲ ಕೆಳಗೆ ಹಿಂದೆ ಹುಚ್ಚರನ್ನು, ಪುಂಡರನ್ನು ಕೂಡಿಹಾಕುತ್ತಿದ್ದ ಕೋಣೆಯೊಂದಿದೆ. ಅಲ್ಲಿ ವಿದೂಷಕನೊಬ್ಬನ ಕೆತ್ತನೆ. ಯಾರು ಅವನನ್ನು ನೋಡುತ್ತ ನಿಲ್ಲುತ್ತಾರೋ ಅವರಿಗೆ, ಈಗ ನಾವು ಇಬ್ಬರಾದೆವು, ಎನ್ನುವ ಬರಹ. ನಮ್ಮಾಕೆ ನನ್ನ ಫೋಟೊ ತೆಗೆಯಬೇಕೆಂದು ಹಟ ಹಿಡಿದದ್ದು ಇಡೀ ಊರಲ್ಲಿ ಅಲ್ಲಿ ಮಾತ್ರ.

ಮಗ ಸಂಜೆಯ ರೈಲಿಗೆ ಹೊರಡೋಣ ಎಂದ. ಹಂದಿಯ ಕೂಗನ್ನು ಈಗಲೂ ಕೂಗುತ್ತಾರೆಂದು ಅಂಗಡಿಯಾಕೆ ಹೇಳಿದ್ದರಿಂದ ನಾವು ಜಗ್ಗಲಿಲ್ಲ. ಕೋಟೆಯೊಳಗಿನ ಒಂದು ಸಣ್ಣ ಹೋಟೆಲಿನಲ್ಲಿ ಉಳಿದೆವು. ರಾತ್ರಿ ಹತ್ತಕ್ಕೆ ಕಿಟಕಿ ತೆರೆದು ಕೂತರೆ, ಡೇನಿಯಲ್ ಗೋಪುರದ ಮೇಲಿನಿಂದ ನಗರಸಭೆಯ ಸಂಬಳದ ಕಾವಲುಗಾರ, ಮೈಕಿಲ್ಲದೆ, ಬರೀ ಗಂಟಲಲ್ಲಿ, ಎಳೆದೆಳೆದು ಕೂಗಿದ: ಸೋ, ಗ್‌ಸೆಲ್, ಸೋ!

ನಮ್ಮ ಅಜ್ಜಿ ಕೇಳುತ್ತಿದ್ದದ್ದು ಹೀಗೆಯೇ. ತೀರ್ಥಹಳ್ಳಿ ಕಡೆಯ ಆ ಮನೆಯಲ್ಲಿ ಎಲ್ಲರ ಊಟವಾಗಿ, ದೀಪ ಸಣ್ಣದಾದ ಮೇಲೆ, ಒಳಕೋಣೆಯ ಹಾಸಿಗೆಯಿಂದ ಅವಳ ದನಿ ಏಳುತ್ತಿತ್ತು: "ಹಿತ್ಲ ಬಾಗ್ಲ ಅಗಳಿ ಹಾಕಿದ್ಯೇನಾ?" ನಾವು ಹುಡುಗರಲ್ಲಿ ಯಾರಾದರೊಬ್ಬರು "ಹಾಕಿದ್ದೆ ಅಜ್ಜೀ" ಎನ್ನಬೇಕು. ಅನ್ನದಿದ್ದರೆ ಮತ್ತೆ ಕೇಳುತ್ತಾಳೆ, ಮಲಗಲು ಬಿಡುವುದಿಲ್ಲ. ನಾವು ಹುಟ್ಟುವ ಮುಂಚೆ ಯಾವಾಗಲೋ ಒಂದು ರಾತ್ರಿ ಅಗಳಿ ಮರೆತು, ಬಚ್ಚಲಮನೆಯ ತಾಮ್ರದ ಹಂಡೆಯನ್ನು ಕಳ್ಳರು ಕಿತ್ತುಕೊಂಡು ಹೋಗಿದ್ದರಂತೆ. ಹಂಡೆ ಹೋಯಿತು, ಪ್ರಶ್ನೆ ಉಳಿಯಿತು. ಹಂಡೆಯ ಜಾಗಕ್ಕೆ ಬಾಯ್ಲರ್ ಬಂತು, ಹಿತ್ತಿಲ ಬಾಗಿಲಿಗೆ ಕಬ್ಬಿಣದ ಗ್ರಿಲ್ ಬಂತು. ಅಜ್ಜಿ ಅಗಳಿಯನ್ನೇ ಕೇಳುತ್ತಿದ್ದಳು. ಅವಳು ಹೋದ ವರ್ಷ, ರಾತ್ರಿ ಯಾರೂ ಕೇಳುವವರಿಲ್ಲದೆ ಅಪ್ಪ ತಾನೇ ಎದ್ದು ಹೋಗಿ ಗ್ರಿಲ್ ಅಲ್ಲಾಡಿಸಿ ನೋಡಿ ಬರುತ್ತಿದ್ದರು.

ಹತ್ತೂವರೆಗೆ ಕೂಗು ಮತ್ತೆ ಬಂತು. ಹನ್ನೊಂದಕ್ಕೂ ಬಂತು. ಹನ್ನೊಂದೂವರೆಗೆ ಮಗ, ದಿಂಬನ್ನು ಕಿವಿಗೆ ಒತ್ತಿಕೊಂಡು, ಈ ಕಾಲದಲ್ಲಿ ಇದಕ್ಕೊಂದು ಅಲಾರಂ ಇಟ್ಟರೆ ಸಾಲದೇ ಎಂದು ಗೊಣಗಿದ. ಅವನಮ್ಮ ಕೂಡಲೇ, "ರೂಮಿನ ಬಾಗಿಲು ಹಾಕಿದ್ಯೇನೋ?" ಎಂದಳು.

ನನ್ನದೊಂದು ತಕರಾರು ಮಾತ್ರ ಉಳಿದಿದೆ. ಸಂಚು ಹೂಡಿದ ದೊರೆಯ ಹೆಸರು ಉಳಿಯಿತು. ಬಾಗಿಲಿನ ಹೆಸರು ಉಳಿಯಿತು. ಹಂದಿಗೆ ಬೊಂಬೆಗಳಾದವು. ಬಾಗಿಲು ಅಲ್ಲಾಡಿದ್ದನ್ನು ಕಂಡು ಕೂಗಿದವಳು ಮಾತ್ರ ಇವತ್ತಿಗೂ ನೇಕಾರನ ಹೆಂಡತಿ, ಅಷ್ಟೇ. ತುರಿಸಿಕೊಂಡದ್ದು ಹಂದಿ, ಊರು ಉಳಿಸಿದ್ದು ಅವಳು. ಹಂದಿಯ ಪರ ಇಷ್ಟು ವಾದಿಸಿದ ನಾನೇ ಹೇಳುತ್ತಿದ್ದೇನೆ. ಆ ಊರಿನವರು ಅವಳಿಗೊಂದು ಹೆಸರನ್ನಾದರೂ ಇಟ್ಟು, ಲೋಪ್ಸಿಂಗರ್ ಬಾಗಿಲಲ್ಲಿ ಹೂಜಿ ಹಿಡಿದ ಪ್ರತಿಮೆಯೊಂದನ್ನು ನಿಲ್ಲಿಸಬೇಕು.

ಜರ್ಮನಿಯಲ್ಲಿ ಮಕ್ಕಳಿರುವ ಅಪ್ಪ ಅಮ್ಮಂದಿರು ಈಗ ನಮ್ಮಲ್ಲಿ ಬೀದಿಗೊಬ್ಬರಿದ್ದಾರೆ. ನೀವೂ ಅವರಲ್ಲಿ ಒಬ್ಬರಾದರೆ ಔಗ್ಸ್‌ಬರ್ಗ್ ಕಡೆಯಿಂದ ಡೊನೌವೊರ್ತ್ ಮಾರ್ಗವಾಗಿ ರೈಲಿನಲ್ಲಿ ಹೋಗಿ. ಮಕ್ಕಳು ಗುಂಡಿ ತೋರಿಸಿ ಸಂಜೆಯೇ ಹೊರಡಿಸಲು ನೋಡುತ್ತಾರೆ, ಒಪ್ಪಬೇಡಿ. ಕೂಗು ಶುರುವಾಗುವುದು ರಾತ್ರಿ ಹತ್ತಕ್ಕೆ, ಮುಗಿಯುವುದು ಹನ್ನೆರಡಕ್ಕೆ.