‘ಅಂತೆ’ ಎಂಬ ಎರಡಕ್ಷರ

ಹೋದ ವರ್ಷದ ಬೇಸಿಗೆ ರಜೆಯಲ್ಲಿ ನಮ್ಮಲ್ಲಿಗೆ ಬಂದಿದ್ದ ಮೊಮ್ಮಗಳು ತನ್ನೊಡನೆ ಹತ್ತಾರು ಚಿತ್ರಕಥಾ ಪುಸ್ತಕಗಳನ್ನು ತಂದಿದ್ದಳು. ಸ್ವಾಧ್ಯಾಯಕ್ಕೆ ಕುಳಿತ ನಾನು ಒಂದು ಮಧ್ಯಾಹ್ನ ಕುತೂಹಲದಿಂದ ಅವುಗಳಲ್ಲೊಂದನ್ನು ತೆರೆದೆ. ಕಥೆಯ ತಲೆಬುಡ ತಿಳಿಯಲಿಲ್ಲ. “ಅಜ್ಜಾ, ನೀವು ಕೊನೆಯಿಂದ ಓದುತ್ತಿದ್ದೀರಿ. ಇದನ್ನು ಬಲದಿಂದ ಎಡಕ್ಕೆ ಓದಬೇಕು” ಎಂದು ನಕ್ಕು ಅವಳು ಪುಸ್ತಕವನ್ನು ತಿರುಗಿಸಿ ಕೊಟ್ಟಳು. ಜಪಾನೀಯರು ‘ಮಾಂಗಾ’ ಎಂದು ಕರೆಯುವ ಈ ಚಿತ್ರಕಥೆಗಳು ಮಕ್ಕಳ ಕಾಲಹರಣದ ಸಾಮಗ್ರಿಯೆಂದೇ ನಾನು ತಿಳಿದಿದ್ದೆ. ಆ ಎಣಿಕೆ ತಪ್ಪಾಗಿತ್ತು.

ಕೃತಿಯ ಹೆಸರು ‘ಕಿಮಿ ನಿ ತೊದೊಕೆ’. ‘ನಿನ್ನನ್ನು ತಲುಪಲಿ’ ಎಂದು ಅದರ ಅರ್ಥ. ರಚಿಸಿದವರು ಕಾರುಹೊ ಶೀನಾ ಎಂಬ ಲೇಖಕಿ. ‘ಬೆಸ್ಸಾತ್ಸು ಮಾರ್ಗರೆಟ್’ ಎಂಬ ಮಾಸಪತ್ರಿಕೆಯಲ್ಲಿ 2017ರವರೆಗೆ ಧಾರಾವಾಹಿಯಾಗಿ ಬಂದು 30 ಸಂಪುಟಗಳಲ್ಲಿ ಮುಗಿದ ಈ ಕೃತಿಗೆ 2008ರಲ್ಲಿ ಕೊಡಾನ್ಶಾ ಪ್ರಶಸ್ತಿ ದೊರೆತಿದೆ. ಕಥೆ ನಡೆಯುವುದು ಜಪಾನಿನ ಉತ್ತರದ ಹೊಕ್ಕೈಡೊ ದ್ವೀಪದ ಒಂದು ಪ್ರೌಢಶಾಲೆಯಲ್ಲಿ.

ನಾಯಕಿ ಸವಾಕೊ ಕುರೊನುಮ. ಅವಳ ಹೆಸರನ್ನು ಬರೆಯುವ ಅಕ್ಷರಕ್ಕೆ ‘ನಿರ್ಮಲ, ಆಹ್ಲಾದಕರ’ ಎಂಬ ಅರ್ಥವಿದೆ. ಆದರೆ ಉದ್ದನೆಯ ಕಪ್ಪು ಕೂದಲು, ಬಿಳಿಚಿದ ಮುಖ, ಮಾತು ಬಾರದ ಸಂಕೋಚ ಇವುಗಳನ್ನು ಕಂಡು ಸಹಪಾಠಿಗಳು ಅವಳನ್ನು ‘ಸದಾಕೊ’ ಎಂದು ಕರೆಯುತ್ತಾರೆ. ಅದು 1998ರ ಪ್ರಸಿದ್ಧ ಭಯಾನಕ ಚಲನಚಿತ್ರವೊಂದರ ಪ್ರೇತದ ಹೆಸರು. ಅವಳ ಕಣ್ಣನ್ನು ಮೂರು ಕ್ಷಣ ದಿಟ್ಟಿಸಿದರೆ ಕೇಡಾಗುತ್ತದಂತೆ. ಅವಳಿಗೆ ಪ್ರೇತಗಳು ಕಾಣುತ್ತವಂತೆ. ಪರೀಕ್ಷಿಸಿ ನೋಡಿದವರು ಒಬ್ಬರೂ ಇಲ್ಲ. ಆ ಹುಡುಗಿಯಾದರೋ ದಿನಕ್ಕೊಂದು ಸತ್ಕಾರ್ಯ ಮಾಡಬೇಕೆಂಬ ನಿಯಮವನ್ನು ಇಟ್ಟುಕೊಂಡವಳು. ಇತರರು ಒಲ್ಲದ ಕೆಲಸಗಳನ್ನು ತಾನೇ ಕೇಳಿ ಪಡೆಯುತ್ತಾಳೆ, ಶಾಲೆಯ ಹೂಪಾತಿಗಳನ್ನು ನೋಡಿಕೊಳ್ಳುತ್ತಾಳೆ, ಪಾಠದಲ್ಲಿ ಹಿಂದುಳಿದವರಿಗೆ ಹೇಳಿಕೊಡುತ್ತಾಳೆ. ನಮ್ಮ ಅಣುವ್ರತಗಳ ಹೆಸರನ್ನೂ ಕೇಳಿರದ ಬಾಲಿಕೆಯಲ್ಲಿ ಅಣುವ್ರತಿಯ ಲಕ್ಷಣವನ್ನು ಕಂಡು ನನಗೆ ಪ್ರಮೋದವಾಯಿತು.

ಕಜೆಹಾಯ ಎಂಬ ಸಹಪಾಠಿಯೊಬ್ಬನು ಅವಳನ್ನು ಎಲ್ಲರಂತೆ ಮಾತನಾಡಿಸಿದ ಮೇಲೆ ಅವಳಿಗೆ ಯಾನೊ, ಯೊಶಿದಾ ಎಂಬ ಇಬ್ಬರು ಗೆಳತಿಯರು ದೊರೆಯುತ್ತಾರೆ. ಆಗಲೇ ಎರಡನೆಯ ‘ಅಂತೆ’ ಹುಟ್ಟುತ್ತದೆ. ಒಬ್ಬಳ ನಡತೆಯ ಮೇಲೆ, ಇನ್ನೊಬ್ಬಳ ಹಿಂದಿನ ದಿನಗಳ ಮೇಲೆ ಹೀನವಾದ ಸುದ್ದಿ ಹಬ್ಬುತ್ತದೆ. ಅದನ್ನು ಹಬ್ಬಿಸಿದವಳು ಸವಾಕೊ ಎಂಬ ಮಾತೂ ಜೊತೆಗೆ ಸೇರುತ್ತದೆ. ತನ್ನ ಸಹವಾಸದಿಂದಲೇ ಗೆಳತಿಯರ ಹೆಸರು ಕೆಡುತ್ತಿದೆಯೆಂದು ಅವಳು ದೂರ ಸರಿಯುತ್ತಾಳೆ. ಕೊನೆಗೆ, ಗೆಳತಿಯರನ್ನು ಹಳಿಯುತ್ತಿದ್ದವರ ಎದುರು ಒಬ್ಬಳೇ ನಿಂತು, ಆ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳಿರೆಂದು ಹಟ ಹಿಡಿಯುತ್ತಾಳೆ. ತನ್ನ ಮೇಲಿನ ಅಪವಾದವನ್ನು ವರ್ಷಗಟ್ಟಲೆ ಮೌನವಾಗಿ ಸಹಿಸಿದವಳು ಪರರ ಮೇಲಿನ ಅಪವಾದವನ್ನು ಒಂದು ದಿನವೂ ಸಹಿಸಲಿಲ್ಲ. ಇಲ್ಲಿ ನಾನು ಪುಸ್ತಕವನ್ನು ಮುಚ್ಚಿಟ್ಟೆ. ಮುಂದೆ ಓದಲಾಗಲಿಲ್ಲ.

ಕಾರಣವನ್ನು ಈ ಪುಟಗಳಲ್ಲಿ ನಿವೇದಿಸಿಕೊಳ್ಳುವುದು ಉಚಿತವೆಂದು ತೋರುತ್ತದೆ. ಸುಮಾರು ಮೂವತ್ತು ವರ್ಷಗಳ ಹಿಂದೆ, ಪೇಟೆಯಲ್ಲಿ ಸಗಟು ವ್ಯಾಪಾರಿಯೊಬ್ಬರು ನನ್ನ ನೆರೆಯ ಅಂಗಡಿಯವರಿಗೆ ಉದ್ದರಿ ಕೊಡುವ ಮುನ್ನ ನನ್ನ ಅಭಿಪ್ರಾಯ ಕೇಳಿದರು. “ಅವರ ಕೈ ಈಚೆಗೆ ಬಿಗಿಯಾಗಿದೆಯಂತೆ” ಎಂದೆ. ಅಷ್ಟೇ. ಅವರ ಖಾತೆಯನ್ನು ನಾನು ಕಂಡಿರಲಿಲ್ಲ. ಎರಡು ಮಳಿಗೆಯಾಚೆಗಿದ್ದ ಅವರನ್ನು ಕೇಳಿಯೂ ಇರಲಿಲ್ಲ. ಮಾತು ಪೇಟೆಯಲ್ಲಿ ಸುತ್ತಾಡಿತು, ಉದ್ದರಿ ನಿಂತಿತು. ವರ್ಷ ಕಳೆಯುವುದರೊಳಗೆ ಅವರು ಅಂಗಡಿ ಮುಚ್ಚಿ ಇನ್ನೊಬ್ಬರಲ್ಲಿ ಲೆಕ್ಕ ಬರೆಯುವ ಕೆಲಸಕ್ಕೆ ಸೇರಿದರು. ನಾನು ಸುಳ್ಳಾಡಲಿಲ್ಲ, ಕೇಳಿದ್ದನ್ನು ಹೇಳಿದೆ, ಎಂದು ಇಷ್ಟು ಕಾಲವೂ ಮನಸ್ಸನ್ನು ಸಮಾಧಾನಪಡಿಸಿಕೊಂಡು ಬಂದಿದ್ದೆ.

ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಸತ್ಯಾಣುವ್ರತದ ಐದು ಅತಿಚಾರಗಳನ್ನು ಎಣಿಸುವಾಗ ಸುಳ್ಳು ದಸ್ತಾವೇಜನ್ನೂ ಇಟ್ಟ ಒಡವೆಯ ಅಪಹಾರವನ್ನೂ ಹೇಳಿದ್ದಾರೆ. ವ್ಯಾಪಾರಿಗಳಾದ ನಾವು ಇವೆರಡರಲ್ಲಿ ಎಚ್ಚರದಿಂದಿರುತ್ತೇವೆ. ಆದರೆ ಅದೇ ಪಟ್ಟಿಯಲ್ಲಿ ಪರಿವಾದ, ಗುಟ್ಟನ್ನು ಹೊರಗೆಡಹುವುದು, ಪೈಶುನ್ಯ ಎಂಬ ಇನ್ನು ಮೂರಿವೆ. ‘ಅಂತೆ’ ಎಂಬ ಎರಡಕ್ಷರ ಸೇರಿಸಿದರೆ ಹೊಣೆ ಕಳೆಯಿತೆಂದು ನಮ್ಮ ಭಾಷೆ ನಮಗೆ ಭ್ರಮೆ ಹುಟ್ಟಿಸುತ್ತದೆ. ಪರರ ನಿಜವಾದ ದೋಷವನ್ನೇ ಮರೆಮಾಡಬೇಕೆನ್ನುವ ಉಪಗೂಹನವು ಸಮ್ಯಗ್ದರ್ಶನದ ಅಂಗವಾಗಿರುವಾಗ, ತಿಳಿಯದ ದೋಷವನ್ನು ಸಾರುವುದು ಏನಾದೀತು?

ನಾಲ್ಕು ದಿನಗಳ ಬಳಿಕ ಓದನ್ನು ಮುಂದುವರಿಸಿದೆ. ಸುದ್ದಿ ಹಬ್ಬಿಸಿದವಳು ಎಲ್ಲರ ಮೆಚ್ಚುಗೆಯ ಕುರುಮಿ ಎಂಬ ಸುಂದರಿ. ಕಜೆಹಾಯನ ಮೇಲಿನ ಪ್ರೀತಿಯೇ ಅದಕ್ಕೆ ಕಾರಣ. ಸತ್ಯ ತಿಳಿದ ಮೇಲೂ ಸವಾಕೊ ಅವಳನ್ನು ದ್ವೇಷಿಸುವುದಿಲ್ಲ. ಮುಂದಿನ ಸಂಪುಟಗಳಲ್ಲಿ ಅವರಿಬ್ಬರೂ ಶಿಕ್ಷಣ ವಿಶ್ವವಿದ್ಯಾಲಯದ ಪ್ರವೇಶಕ್ಕಾಗಿ ಒಟ್ಟಿಗೆ ಕುಳಿತು ಓದುತ್ತಾರೆ. ಈ ಸ್ನೇಹ ಬೆಳೆಯುವುದಕ್ಕೆ ಲೇಖಕಿ ಅನೇಕ ಸಂಪುಟಗಳ ಕಾಲಾವಕಾಶ ಕೊಟ್ಟಿದ್ದಾರೆ. ಕ್ಷಮೆ ಒಂದೇ ಪುಟದಲ್ಲಿ ಮುಗಿಯುವುದಿಲ್ಲ.

ನಾನು ಪ್ರತಿವರ್ಷ ದಶಲಕ್ಷಣ ಪರ್ವದ ಬಳಿಕ ಕ್ಷಮಾವಾಣಿಯ ದಿನ ಬಸದಿಯಲ್ಲಿ ಎಲ್ಲರಿಗೂ ಕೈಮುಗಿದು ಕ್ಷಮೆ ಕೇಳುತ್ತ ಬಂದವನು. ಎಲ್ಲರಲ್ಲಿ ಕೇಳುವುದು ಸುಲಭ. ಕೇಳಬೇಕಾದ ಒಬ್ಬರಲ್ಲಿ ಕೇಳಿರಲಿಲ್ಲ. ಹೋದ ಭಾದ್ರಪದದಲ್ಲಿ ಅವರ ಮನೆಗೆ ಹೋದೆ. ವಯಸ್ಸಾಗಿದೆ, ಕಿವಿ ಮಂದವಾಗಿದೆ. ಹೇಳಬೇಕಾದುದನ್ನು ಗಟ್ಟಿಯಾಗಿ ಎರಡು ಸಲ ಹೇಳಬೇಕಾಯಿತು. ಒಳಗಿದ್ದ ಸೊಸೆಗೂ ಕೇಳಿಸಿತು. ಅವರು ಬಹಳ ಹೊತ್ತು ಸುಮ್ಮನಿದ್ದರು. ಕ್ಷಮಿಸಿದೆ ಎನ್ನಲಿಲ್ಲ. “ಅಂದು ನನ್ನನ್ನೇ ಒಂದು ಮಾತು ಕೇಳಬಹುದಿತ್ತು” ಎಂದಷ್ಟೇ ನುಡಿದು, ನನಗೆ ಮಜ್ಜಿಗೆ ತರಲು ಹೇಳಿದರು.

ನಡೆದುದನ್ನು ಮೊಮ್ಮಗಳಿಗೆ ಫೋನಿನಲ್ಲಿ ತಿಳಿಸಿದೆ. “ಮತ್ತೆ ಹೋಗಿ ಅಜ್ಜಾ” ಎಂದಳು. ಈ ಚಾತುರ್ಮಾಸದಲ್ಲಿ ಎರಡು ಸಲ ಹೋಗಿ ಬಂದಿದ್ದೇನೆ.