ಸಜ್ಜದ ಕೆಳಗಿನ ಗೂಡು

ತುಮಕೂರಿನ ಶೆಟ್ಟಿಹಳ್ಳಿಯ ಶ್ರಾವಕರೊಬ್ಬರ ಮನೆಯಲ್ಲಿ, ಅಡುಗೆಮನೆಯ ಕಿಟಕಿಯ ಸಜ್ಜದ ಕೆಳಗೆ ಕಡಜಗಳು ಅಂಗೈಯಗಲದ ಗೂಡು ಕಟ್ಟಿದ್ದವು. ಆ ಮನೆಯ ಗೃಹಿಣಿಗೆ ಹಿಂದೊಮ್ಮೆ ಕಡಜ ಕುಟುಕಿದಾಗ ಮುಖ ಊದಿ, ಉಸಿರು ಕಟ್ಟಿ, ಸಕಾಲಕ್ಕೆ ಅಡ್ರಿನಲಿನ್ ಚುಚ್ಚುಮದ್ದು ದೊರೆತದ್ದರಿಂದ ಪ್ರಾಣ ಉಳಿದಿತ್ತು. ಇನ್ನೊಂದೇ ಕುಟುಕು ಪ್ರಾಣಾಂತಿಕವಾಗಬಹುದೆಂದು ವೈದ್ಯರು ಎಚ್ಚರಿಸಿದ್ದರು.

ಮಗ ಪಂಜು ಹಿಡಿದು ಸುಡಲು ಹೊರಟ. ತಂದೆ ತಡೆದರು. ಕಡಜ ಚತುರಿಂದ್ರಿಯ ಜೀವ. ತತ್ತ್ವಾರ್ಥಸೂತ್ರವು ಆ ವರ್ಗಕ್ಕೆ ಭ್ರಮರವನ್ನು ಉದಾಹರಿಸುತ್ತದೆ. ದಯೆಯ ಮಾತು ಹಾಗಿರಲಿ, ಸುಡುವುದು, ಕಲ್ಲೆಸೆಯುವುದು, ಕೋಲಿನಿಂದ ತಿವಿಯುವುದು ಅಪಾಯಕರವೂ ಹೌದು. ಜೇನುಹುಳುವಿನ ಕೊಂಡಿಯಂತೆ ಕಡಜದ್ದು ಚರ್ಮದಲ್ಲಿ ಕಳಚಿಕೊಳ್ಳದು. ಒಂದೇ ಹುಳು ಮತ್ತೆ ಮತ್ತೆ ಕುಟುಕಬಲ್ಲದು.

ಚಳಿಗಾಲದಲ್ಲಿ ಗೂಡು ತಾನಾಗಿ ಬರಿದಾಗುವುದೆಂದು ತಂದೆ ಎಲ್ಲಿಯೋ ಓದಿದ್ದರು. ಅದು ಶೀತದೇಶಗಳ ಮಾತು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ರಾಘವೇಂದ್ರ ಗದಗಕರ್ ಅವರು ದಶಕಗಳ ಕಾಲ ಅಭ್ಯಸಿಸಿದ ರೋಪಾಲಿಡಿಯಾ ಮಾರ್ಜಿನೇಟಾ ಎಂಬ ಕಡಜ ಈ ಸೀಮೆಯಲ್ಲಿ ವರ್ಷವಿಡೀ ಸಂಸಾರ ನಡೆಸುತ್ತದೆ. ಒಂದು ರಾಣಿ ಅಳಿದರೆ ಇನ್ನೊಂದು ಆ ಸ್ಥಾನಕ್ಕೇರುತ್ತದೆ. ಕಾಯುವುದರಿಂದ ಗೂಡು ಬೆಳೆಯುತ್ತಿತ್ತೇ ಹೊರತು ತೆರವಾಗುತ್ತಿರಲಿಲ್ಲ.

ಹಣ ಕೊಟ್ಟು ಕೆಲಸದವರನ್ನು ಕರೆಸೋಣವೆಂದು ಮಗ ಸೂಚಿಸಿದಾಗ ತಾಯಿ ಹೇಳಿದರು: “ಕರೆಸಪ್ಪ. ಆದರೆ ನಾವು ಕೊಲ್ಲಲಿಲ್ಲ ಅಂತ ಮಾತ್ರ ಹೇಳಿಕೊಳ್ಳೋದು ಬೇಡ.”

ಕೃತ, ಕಾರಿತ, ಅನುಮೋದನ ಎಂಬ ಮೂರನ್ನೂ ಬಾಲ್ಯದಿಂದ ಕೇಳಿದ್ದ ತಂದೆ ಆ ಮಾತಿಗೆ ತಲೆತಗ್ಗಿಸಿದರು. ಪ್ರಾಣರಕ್ಷಣೆಗಾಗಿ ಅನಿವಾರ್ಯವಾದುದು ಗೃಹಸ್ಥನಿಗೆ ವಿರೋಧೀ ಹಿಂಸೆಯೆನಿಸೀತು. ಆದರೆ ಅಂಗೈಯಗಲದ ಗೂಡು ಒಂದು ದಿನದಲ್ಲಿ ಆಗುವುದಲ್ಲ. ಅಷ್ಟು ಕಾಲ ಯಾರೂ ತಲೆಯೆತ್ತಿ ನೋಡಲಿಲ್ಲವೆಂಬುದೇ ಪ್ರಮಾದ. ಮಂದರಗಿರಿಯ ತಪ್ಪಲಿನಲ್ಲಿ ಪಿಂಛಿಯ ಆಕಾರದ ಗುರುಮಂದಿರವನ್ನು ಅವರು ಎಷ್ಟೋ ಸಲ ಕಂಡು ಕೈಮುಗಿದಿದ್ದರು. ಮುನಿಗಳು ಪಿಂಛಿಯಿಂದ ನೆಲವನ್ನು ಸವರುವುದು ಕುಳಿತುಕೊಳ್ಳುವ ಮೊದಲು, ಕುಳಿತ ಮೇಲಲ್ಲ.

ಗೃಹಿಣಿಯನ್ನು ಬಂಧುಗಳ ಮನೆಗೆ ಕಳುಹಿಸಿದರು. ಕತ್ತಲಾಗಿ ಕಡಜಗಳೆಲ್ಲ ಗೂಡು ಸೇರಿದ ಮೇಲೆ, ಕಿಟಕಿ ಬಾಗಿಲು ಮುಚ್ಚಿಸಿ, ದಪ್ಪ ಉಡುಪು, ಮುಖಕ್ಕೆ ಬಲೆ ಧರಿಸಿದ ಅನುಭವಿಯೊಬ್ಬ ಗೂಡಿಗೆ ಚೀಲ ತೊಡಿಸಿ, ತೊಟ್ಟನ್ನು ಕತ್ತರಿಸಿ, ಊರಾಚೆಯ ಕುರುಚಲಿನಲ್ಲಿ ಬಿಟ್ಟುಬಂದ. ದೊಡ್ಡ ಹುಳುಗಳು ಬದುಕಿದುವು. ಮರಿಗಳು ಉಳಿದವೆಂದು ತಂದೆ ನಂಬಲಿಲ್ಲ. ಅಂದಿನ ಪ್ರತಿಕ್ರಮಣದಲ್ಲಿ ಅದನ್ನು ಬಿಡದೆ ನೆನೆದರು.

ಆಮೇಲೆ ಸಜ್ಜದ ಬಿರುಕುಗಳಿಗೆ ಗಾರೆ, ಗವಾಕ್ಷಿಗಳಿಗೆ ಸಣ್ಣ ಕಣ್ಣಿನ ಜಾಲರಿ ಬಂದವು. ಮನೆಯಲ್ಲಿ ಎಲ್ಲರಿಗೂ 108ಕ್ಕೆ ಕರೆಮಾಡುವುದು ತಿಳಿದಿದೆ. ತುಟಿ ಊದಿದರೆ, ಉಸಿರು ಬಿಗಿದರೆ ಮನೆಮದ್ದಿಗೆ ಕಾಯುವಂತಿಲ್ಲ. ಅಷ್ಟಮಿ, ಚತುರ್ದಶಿಗಳಂದು ತಂದೆ ಟಾರ್ಚ್ ಹಿಡಿದು ಸಜ್ಜಗಳನ್ನೆಲ್ಲ ನೋಡಿಬರುತ್ತಾರೆ. ತೊಟ್ಟು ಮಾತ್ರ ಇದ್ದು ಕೋಶವಿಲ್ಲದಿದ್ದರೆ, ಹುಳು ಹಾರಿಹೋದ ಹೊತ್ತಿನಲ್ಲಿ ಅದನ್ನು ಕೆರೆದು ತೆಗೆಯುತ್ತಾರೆ.

ಹಿತ್ತಿಲ ಗೋಡೆಯಾಚೆ, ಖಾಲಿ ನಿವೇಶನದ ನುಗ್ಗೆಮರದಲ್ಲಿ ಈಗ ಒಂದು ಗೂಡಿದೆ. ಬಟ್ಟೆ ಒಣಹಾಕುವ ತಂತಿಯನ್ನು ಆ ಕಡೆಯಿಂದ ಬಿಚ್ಚಿ ಮನೆಯ ಮುಂಭಾಗಕ್ಕೆ ಕಟ್ಟಿದ್ದಾರೆ.