ಅಳಿಲಿನ ದಾರಿ

ಬೇಸಿಗೆಯಲ್ಲಿ ಮಾಳಿಗೆಯ ಮೇಲೆ ಸಂಡಿಗೆ ಒಣಹಾಕಿದ ಯಾವ ಹೆಂಗಸಿಗೂ ಅಳಿಲಿನ ಪರಿಚಯ ಮಾಡಿಕೊಡಬೇಕಾಗಿಲ್ಲ. ಕಾಗೆಗೆ ಕಪ್ಪು ಕೊಡೆ ಬಿಚ್ಚಿಟ್ಟರೆ ಸಾಕು, ಕೋತಿಗೆ ಕೋಲು ತೋರಿಸಿದರೆ ಆಯಿತು. ಅಳಿಲು ಮಾತ್ರ ಯಾವುದಕ್ಕೂ ಜಗ್ಗುವುದಿಲ್ಲ. 'ಹುಶ್' ಎಂದರೆ ಗೋಡೆಯ ಅಂಚಿಗೆ ಹೋಗಿ, ನಾವು ಬೆನ್ನು ತಿರುಗಿಸುವುದನ್ನೇ ಕಾದು, ಮತ್ತೆ ಹಾಜರಾಗುತ್ತದೆ. ಮುಂಗಾಲುಗಳಲ್ಲಿ ಸಂಡಿಗೆ ಹಿಡಿದು, ಮೊದಲ ಪಂಕ್ತಿಯಲ್ಲಿ ಕುಳಿತ ಬೀಗರ ಹಾಗೆ ಅದು ನಿಧಾನವಾಗಿ ತಿನ್ನುವುದನ್ನು ನೋಡಿದರೆ ಬೈಯಲು ಬಂದ ಬಾಯಲ್ಲಿ ನಗು ಬರುತ್ತದೆ.

ನಾನು ಮದುವೆಯಾಗಿ ಅರಿಶಿನಕುಂಟೆಗೆ ಬಂದ ಹೊಸದರಲ್ಲಿ ನಮ್ಮ ಹಿತ್ತಿಲಿನಲ್ಲಿ ಎರಡು ತೆಂಗು, ಒಂದು ಸೀಬೆ, ಬೇಲಿಯ ಆಚೆ ಹಳೆಯ ಹುಣಸೆಮರ ಇದ್ದವು. ಹೂಬತ್ತಿ ಹೊಸೆಯಲೆಂದು ಅತ್ತೆಯವರು ಬಿಡಿಸಿಟ್ಟ ಹತ್ತಿ ಆಗಾಗ ಮಾಯವಾಗುತ್ತಿತ್ತು. ಒಂದು ದಿನ ನೋಡುತ್ತೇನೆ, ಅಳಿಲೊಂದು ಬಾಯಿ ತುಂಬ ಹತ್ತಿ ಕಚ್ಚಿಕೊಂಡು ಬಿಳಿಗಡ್ಡದ ಮುದುಕನಂತೆ ತೆಂಗಿನ ಮರ ಹತ್ತುತ್ತಿದೆ! ನಾನು ಕೂಗಿಕೊಂಡರೆ ಅತ್ತೆ, "ಬಿಡಮ್ಮ, ಅದರ ಬಾಣಂತನಕ್ಕೂ ಹಾಸಿಗೆ ಬೇಡವೇ?" ಎಂದರು. ಅವರ ಮಾತು ಸರಿಯಾಗಿಯೇ ಇತ್ತು. ಹುಲ್ಲು, ನಾರು, ಚಿಂದಿ, ಹತ್ತಿ ಏನು ಸಿಕ್ಕರೂ ತಂದು ಅಳಿಲು ಗೂಡು ಮಾಡುತ್ತದೆ. ಎರಡೋ ಮೂರೋ ಮರಿಗಳು. ಹುಟ್ಟಿದಾಗ ಕಣ್ಣು ಬಿಟ್ಟಿರುವುದಿಲ್ಲ, ಮೈಮೇಲೆ ಕೂದಲೂ ಇರುವುದಿಲ್ಲ. ಬೆಕ್ಕು ಕಂಡರೆ ತಾಯಿ ಬಾಲ ಕುಣಿಸುತ್ತ 'ಚಿಕ್ ಚಿಕ್' ಎಂದು ಬೀದಿಗೆಲ್ಲ ಕೇಳುವಂತೆ ಕಿರುಚುತ್ತದೆ. ತೂಕ ನೂರು ಗ್ರಾಮಿನಷ್ಟು. ಗಂಟಲು ಮಾತ್ರ ನಮ್ಮ ಶಾಲೆಯ ಗಂಟೆಗೆ ಸಮ.

'ಅಳಿಲ ಸೇವೆ, ಮಳಲ ಭಕ್ತಿ' ಎನ್ನುವ ಗಾದೆಯನ್ನು ಪಾಠದಲ್ಲಿ ಎಷ್ಟು ಸಲ ಹೇಳಿದ್ದೇನೋ ಲೆಕ್ಕವಿಲ್ಲ. ಸೇತುವೆ ಕಟ್ಟುವಾಗ ಮೈಗೆ ಅಂಟಿದ ಮರಳನ್ನು ಕೊಡವಿ ನೆರವಾದ ಅಳಿಲಿನ ಬೆನ್ನನ್ನು ಶ್ರೀರಾಮ ಸವರಿದನಂತೆ, ಮೂರು ಗೆರೆ ಮೂಡಿದವಂತೆ. ಉತ್ತರ ಭಾರತದ ಅಳಿಲಿಗೆ ಐದು ಗೆರೆ ಎಂದು ನಾನು ಒಮ್ಮೆ ತರಗತಿಯಲ್ಲಿ ಹೇಳಿದ್ದೇ ತಡ, ಹಿಂದಿನ ಬೆಂಚಿನಿಂದ ಒಬ್ಬ ಎದ್ದು ನಿಂತು, "ಅಲ್ಲಿ ರಾಮ ಐದೂ ಬೆರಳಿನಿಂದ ಸವರಿದ್ನಾ ಮಿಸ್?" ಎಂದು ಕೇಳಿದ. ಬಿ.ಎಡ್.ನಲ್ಲಿ ಇಂಥ ಪ್ರಶ್ನೆಗೆ ಉತ್ತರ ಹೇಳಿಕೊಡುವುದಿಲ್ಲ.

ಅಳಿಲು ಎಂದರೆ ನಮ್ಮ ಮಾಳಿಗೆಯ ಗೆರೆಯಳಿಲು ಒಂದೇ ಅಲ್ಲ. ಪಶ್ಚಿಮಘಟ್ಟದ ಕಾಡುಗಳಲ್ಲಿ ಕೆಂದಳಿಲು ಇದೆ. ಕಂದುಗೆಂಪು ಮೈ, ಮೈಗಿಂತ ಉದ್ದವಾದ ಪೊದೆಬಾಲ. ಒಂದು ನೆಗೆತಕ್ಕೆ ಇಪ್ಪತ್ತು ಅಡಿ ದಾಟಬಲ್ಲದು. ಮಲೆನಾಡಿನವರು ಹಾರುಬೆಕ್ಕು ಎನ್ನುವ ಪ್ರಾಣಿ ಬೆಕ್ಕಲ್ಲ, ಅದೂ ಅಳಿಲೇ. ಕೈಕಾಲುಗಳ ನಡುವಿನ ಚರ್ಮವನ್ನು ಸೆರಗಿನಂತೆ ಹರಡಿಕೊಂಡು ರಾತ್ರಿಹೊತ್ತು ಮರದಿಂದ ಮರಕ್ಕೆ ತೇಲುತ್ತದೆ. ಇವುಗಳ ಜೊತೆಗೆ ಇನ್ನೊಂದಿದೆ, ಬೂದು ಬಣ್ಣದ ದೊಡ್ಡ ಅಳಿಲು. ಇಡೀ ಜಗತ್ತಿನಲ್ಲಿ ದಕ್ಷಿಣ ಭಾರತ ಮತ್ತು ಶ್ರೀಲಂಕಾ ಬಿಟ್ಟರೆ ಬೇರೆಲ್ಲೂ ಇಲ್ಲ. ತಮಿಳುನಾಡಿನ ಶ್ರೀವಿಲ್ಲಿಪುತ್ತೂರಿನಲ್ಲಿ 1988ರಲ್ಲಿ ಇದರ ಹೆಸರಿನಲ್ಲೇ ಒಂದು ಅಭಯಾರಣ್ಯ ಮಾಡಿದರು. ನಮ್ಮ ರಾಜ್ಯದಲ್ಲಿ ಇದರ ಮನೆ ಕಾವೇರಿ ವನ್ಯಜೀವಿಧಾಮ. 1987ರಲ್ಲಿ ಘೋಷಿತವಾದದ್ದು.

ಅದನ್ನು ನಾನು ಕಂಡದ್ದು ಮಕ್ಕಳನ್ನು ಕನಕಪುರ ತಾಲ್ಲೂಕಿನ ಸಂಗಮಕ್ಕೆ ಪ್ರವಾಸ ಕರೆದುಕೊಂಡು ಹೋದಾಗ. ಮಕ್ಕಳೆಲ್ಲ ಚಿತ್ರಾನ್ನದ ಡಬ್ಬಿ ಬಿಚ್ಚುವ ಗಡಿಬಿಡಿಯಲ್ಲಿದ್ದರು. ಅರಣ್ಯ ಇಲಾಖೆಯ ಕಾವಲುಗಾರರೊಬ್ಬರು ಬಾಯಿಯ ಮೇಲೆ ಬೆರಳಿಟ್ಟು ಹೊಳೆಮತ್ತಿಯ ಮರ ತೋರಿಸಿದರು. ಮೊದಲು ಕಂಡದ್ದು ಇಳಿಬಿದ್ದ ಬಾಲ. ನರೆತ ಕೂದಲಿನಂಥ ಬಣ್ಣ. ಆಮೇಲೆ ಅದರ ಒಡೆಯ. ಮೂಗಿನಿಂದ ಬಾಲದ ತುದಿಗೆ ಎರಡು ಅಡಿಗೂ ಮಿಗಿಲು. ಕೊಂಬೆಯ ಮೇಲೆ ಬೋರಲಾಗಿ ಮಲಗಿ ನಮ್ಮನ್ನೇ ನೋಡುತ್ತಿತ್ತು. ಆರನೆಯ ತರಗತಿಯ ಹುಡುಗಿಯೊಬ್ಬಳು ಪಿಸುಗುಟ್ಟಿದಳು: "ಅದ್ಯಾಕೆ ಕೆಳಗೆ ಬರಲ್ಲ ಮಿಸ್? ನಾವು ಚಿತ್ರಾನ್ನ ಕೊಡಬಹುದಿತ್ತು."

ಉತ್ತರ ಕೊಟ್ಟವರು ಕಾವಲುಗಾರರು. ಅದು ನೆಲಕ್ಕೆ ಇಳಿಯುವುದು ಬಹಳ ಅಪರೂಪ ಮಗಳೇ, ಅದರ ಊಟ, ನಿದ್ದೆ, ಬಾಣಂತನ ಎಲ್ಲ ಮೇಲೆಯೇ ಎಂದರು. ಹುಣಸೆ, ನೇರಳೆ, ಹೊಂಗೆ, ಹೊಳೆಮತ್ತಿ, ಹೀಗೆ ಹೊಳೆಯ ದಡದಲ್ಲಿ ಕೊಂಬೆಗೆ ಕೊಂಬೆ ತಾಗಿ ನಿಂತ ಮರಗಳೇ ಅದರ ಊರು. ದಡದಿಂದ ಸ್ವಲ್ಪ ದೂರ ಹೋದರೆ ಕುರುಚಲು ಕಾಡು. ಮರಕ್ಕೂ ಮರಕ್ಕೂ ನಡುವೆ ಬಯಲು. ನಮ್ಮ ಕಣ್ಣಿಗೆ ಅದೂ ಕಾಡೇ. ಆ ಅಳಿಲಿಗೆ ಮಾತ್ರ ಅಲ್ಲಿ ದಾರಿ ಮುಗಿಯಿತು. ನೂರಾರು ಚದರ ಕಿಲೋಮೀಟರಿನ ವನ್ಯಧಾಮದಲ್ಲಿ ಅದರ ಪಾಲಿಗೆ ಬರುವುದು ನೀರಿನ ಅಂಚಿನ ಒಂದು ಹಸಿರು ಪಟ್ಟಿ, ಸೀರೆಗೆ ಜರಿಯ ಅಂಚಿದ್ದ ಹಾಗೆ.

ಅಲ್ಲಿ ಕಾವೇರಿಯನ್ನು ಬಂದು ಕೂಡುವ ಹೊಳೆ ಯಾವುದು ಗೊತ್ತೇ? ನಮ್ಮ ಅರ್ಕಾವತಿ. ನಂದಿಬೆಟ್ಟದಲ್ಲಿ ಹುಟ್ಟಿ ದೊಡ್ಡಬಳ್ಳಾಪುರದ ಮೇಲೆ ಹಾದು ಬರುತ್ತದೆ. ನಮ್ಮ ನೆಲಮಂಗಲ ತಾಲ್ಲೂಕಿನ ಶಿವಗಂಗೆಯಲ್ಲಿ ಹುಟ್ಟುವ ಕುಮುದ್ವತಿ ತಿಪ್ಪಗೊಂಡನಹಳ್ಳಿಯಲ್ಲಿ ಅದನ್ನು ಸೇರುತ್ತದೆ. ಶಿವಗಂಗೆಯ ಬಂಡೆಯ ಮೇಲೆ ಬಿದ್ದ ಮಳೆ ಆ ಬೂದು ಅಳಿಲಿನ ಮರದ ಬೇರಿಗೆ ಮುಟ್ಟಬೇಕಾದ ನೀರು. ಮುಟ್ಟುತ್ತಿದೆಯೇ? ಬೆಂಗಳೂರಿಗೆ ನೀರು ಕೊಡಲೆಂದು 1894ರಲ್ಲಿ ಹೆಸರಘಟ್ಟ, 1933ರಲ್ಲಿ ತಿಪ್ಪಗೊಂಡನಹಳ್ಳಿ, ಎರಡನ್ನೂ ಈ ಹೊಳೆಯನ್ನು ನಂಬಿಯೇ ಕಟ್ಟಿದರು. ಆಮೇಲೆ ಕೆರೆಗಳ ಕಾಲುವೆ ಮುಚ್ಚಿದೆವು, ಸಾವಿರ ಅಡಿಗೆ ಕೊಳವೆಬಾವಿ ಕೊರೆದೆವು, ಉಳಿದ ನೀರಿಗೆ ಕೊಳಚೆ ಬಿಟ್ಟೆವು. ಇಲ್ಲಿನ ಹೊಳೆ ಸೊರಗಿದ ಮೇಲೆ ಎಲ್ಲರ ಕಣ್ಣೂ ಕಾವೇರಿಯ ಮೇಲೆ. ಮೇಕೆದಾಟಿನ ಅಣೆಕಟ್ಟೆಗೆ ಸಿದ್ಧಪಡಿಸಿದ ಯೋಜನೆಯ ಪ್ರಕಾರ ಸುಮಾರು ಐದು ಸಾವಿರ ಹೆಕ್ಟೇರ್ ಕಾಡು ಮುಳುಗಡೆ. ನೀರು ಏರಿದರೆ ಮೊದಲು ಮುಳುಗುವುದು ದಡದ ಮರಗಳೇ ಅಲ್ಲವೇ?

ವಾರಕ್ಕೆರಡು ಸಲ ಬರುವ ನಲ್ಲಿಗೆ ಬಿಂದಿಗೆ ಹಿಡಿದು ನಿಂತವಳಿಗೆ 'ನೀರು ಬೇಡ' ಎನ್ನುವ ಬಾಯಿ ಎಲ್ಲಿಂದ ಬರಬೇಕು? ಬಾಯಾರಿದ ಮಕ್ಕಳು ನನ್ನ ತರಗತಿಯಲ್ಲೂ ಇದ್ದಾರೆ. ಆದರೆ ಒಂದು ಮಾತು ಕೇಳಬಹುದು. ಕುಂಟೆ ಎಂದರೆ ಸಣ್ಣ ಕೆರೆ. ಊರಿನ ಹೆಸರಿನಲ್ಲೇ ನೀರಿಟ್ಟುಕೊಂಡವರು ನಾವು. ನಮ್ಮ ಕೆರೆಕುಂಟೆಗಳಲ್ಲಿ ನಿಲ್ಲಬಹುದಾದ ನೀರನ್ನು ನಿಲ್ಲಿಸದೆ, ನೂರು ಕಿಲೋಮೀಟರ್ ಆಚೆಯ ಅಳಿಲಿನ ಮನೆಯಿಂದ ತರಿಸಿಕೊಳ್ಳುವುದು ಯಾವ ನ್ಯಾಯ?

ದೂರದ ಕಥೆ ಎಂದುಕೊಳ್ಳಬೇಡಿ. ನಮ್ಮ ಬೀದಿಯಲ್ಲೂ ಇದೇ ನಡೆಯುತ್ತಿದೆ. ರಾಗಿ ಹೊಲ ಸೈಟುಗಳಾದವು, ಬೇಲಿಯಾಚೆಯ ಹುಣಸೆ ಹೋಯಿತು. ಇತ್ತೀಚೆಗೆ ಒಂದು ಶಾಲೆಯಲ್ಲಿ ಹೊಸ ಕೊಠಡಿಗೆಂದು ಅಂಗಳದ ಐದು ಮರ ಕಡಿಯಲು ಗುರುತು ಹಾಕಿದರು. ಆ ಶಾಲೆ ಯಾವುದೆಂದು ಹೇಳುವುದಿಲ್ಲ, ಅಲ್ಲಿ ನಾನು ಪಾಠ ಹೇಳುತ್ತೇನೆಂದಷ್ಟೇ ಹೇಳುತ್ತೇನೆ. ಕೊಠಡಿ ಬೇಕೇಬೇಕಿತ್ತು, ಎರಡು ತರಗತಿ ಒಂದೇ ಕಡೆ ಕುಳಿತಿದ್ದವು. ಹತ್ತು ಅಡಿ ಸರಿಸಿ ಕಟ್ಟಿದರೆ ಮರ ಉಳಿಯುತ್ತವೆ ಎಂದು ನಾವು ಮೂವರು ಶಿಕ್ಷಕಿಯರು ಹಗ್ಗ ಹಿಡಿದು ಅಳತೆ ಮಾಡಿ ತೋರಿಸಿದೆವು. "ಮೇಡಂ, ಅಳಿಲಿಗೋಸ್ಕರ ಪ್ಲಾನ್ ಬದಲಾಯಿಸ್ತಾರಾ?" ಎಂದು ಗುತ್ತಿಗೆದಾರರು ನಕ್ಕರು. 1976ರ ಮರ ಸಂರಕ್ಷಣಾ ಕಾಯ್ದೆಯ ಪ್ರಕಾರ ಅನುಮತಿ ಇಲ್ಲದೆ ಮರ ಕಡಿಯುವಂತಿಲ್ಲ ಎಂದು ತಿಳಿಸಿದ ಮೇಲೆ ನಗು ನಿಂತಿತು. ಓಡಾಟ, ಅರ್ಜಿ, ಮಾತುಕತೆ ಎಲ್ಲ ಮುಗಿದು ಉಳಿದದ್ದು ಬೇವು ಮತ್ತು ಮಾವು. ನಡುವೆ ನಿಂತು ಎರಡನ್ನೂ ಕೂಡಿಸುತ್ತಿದ್ದ ಹೊಂಗೆ ಉಳಿಯಲಿಲ್ಲ.

ಗೆರೆಯಳಿಲಿಗೆ ನೆಲದ ಮೇಲೆ ಓಡಲು ಬರುತ್ತದೆ, ಅದಕ್ಕೇ ಅದು ನಮ್ಮೊಂದಿಗೆ ಬದುಕಿದೆ. ಆದರೆ ಆ ಅಂಗಳದಲ್ಲಿ ಎರಡು ಬೆಕ್ಕುಗಳಿವೆ. ಹೊಂಗೆ ಬಿದ್ದ ವಾರದಲ್ಲೇ ಒಂದು ಅಳಿಲು ಬೆಕ್ಕಿನ ಬಾಯಿಗೆ ಹೋಯಿತು. ಮಕ್ಕಳು ಮಧ್ಯಾಹ್ನದ ಊಟ ಮಾಡಲಿಲ್ಲ. ತಮಿಳುನಾಡಿನ ವಾಲ್ಪಾರೈಯಲ್ಲಿ ರಸ್ತೆಯ ಮೇಲೆ ಸಿಂಗಳೀಕಗಳು ದಾಟಲು ಮರದಿಂದ ಮರಕ್ಕೆ ತೂಗುಸೇತುವೆ ಕಟ್ಟಿರುವುದನ್ನು ಅವರಿಗೆ ಹೇಳಿದೆ. ಮರುದಿನವೇ ಒಬ್ಬ ಮನೆಯಿಂದ ದಪ್ಪನೆಯ ತೆಂಗಿನ ನಾರಿನ ಹಗ್ಗ ತಂದ. ಜವಾನರು ಏಣಿ ಹಾಕಿ ಬೇವಿಗೂ ಮಾವಿಗೂ ಕಟ್ಟಿಕೊಟ್ಟರು.

ಹನ್ನೊಂದು ದಿನ ಹಗ್ಗದ ಮೇಲೆ ಕಾಗೆ ಬಿಟ್ಟರೆ ಯಾರೂ ಕೂರಲಿಲ್ಲ. ಹನ್ನೆರಡನೆಯ ದಿನ ಲೆಕ್ಕದ ಪಾಠದ ನಡುವೆ ಇಡೀ ತರಗತಿ ಕಿಟಕಿಗೆ ಓಡಿತು. ಅಳಿಲು ಅರ್ಧ ದಾರಿ ಬಂದು, ನಿಂತು, ಬಾಲ ಕುಣಿಸಿ, ಮಾವಿನ ಮರ ಸೇರಿತು. ಅವರನ್ನು ಕೂರಿಸಲು ನಾನೂ ಅವಸರ ಮಾಡಲಿಲ್ಲ.

ರಾಮನಿಗೆ ಸೇತುವೆ ಕಟ್ಟಿಕೊಟ್ಟ ಜೀವಕ್ಕೆ ಒಂದು ಸೇತುವೆಯ ಋಣ ನಮ್ಮ ಮೇಲಿದೆ. ಹಗ್ಗ ತಾತ್ಕಾಲಿಕ, ಮಳೆಗೆ ನೆನೆದು ಕೊಳೆಯುತ್ತದೆ. ಅದಕ್ಕೇ ಹೊಂಗೆ ಇದ್ದ ಕಡೆಗೆ ಆದಷ್ಟು ಹತ್ತಿರ, ಗೋಡೆಯ ಅಂಚಿನಲ್ಲಿ ಒಂದು ನೇರಳೆ ಸಸಿ ನೆಟ್ಟಿದ್ದೇವೆ. ನಿಮ್ಮ ಹಿತ್ತಿಲಲ್ಲೂ ಪಕ್ಕದ ಮನೆಯ ಮರವನ್ನು ಮುಟ್ಟುವ ಒಂದು ಕೊಂಬೆ ಇದ್ದರೆ, ಎಲೆ ಉದುರುತ್ತದೆಂದು ಕಡಿಸಬೇಡಿ. ಅಂಗಳ ಗುಡಿಸುವ ಕಷ್ಟ ನನಗೂ ಗೊತ್ತು.